ಹೆಂಚಿನ ಮನೆಯೊಳಗಿನ ಬೆಳಕು: ಎಸ್. ರಾಮಚಂದ್ರ ಅವರಿಂದ ನಾನು ಕಲಿತದ್ದು

ಎಸ್. ರಾಮಚಂದ್ರ ಅಂದರೆ ‘ಯಾರು?’ ಅಂತ ಕೇಳುವವರೇ ಜಾಸ್ತಿ. ‘ಚೋಮನ ದುಡಿ’, ‘ಘಟಶ್ರಾದ್ಧ’, ‘ಮಾಲ್ಗುಡಿ ಡೇಸ್’ ಅಂದರೆ ಎಲ್ಲರಿಗೂ ಗೊತ್ತು. ಅವುಗಳ ನಿರ್ದೇಶಕರಾದ ಬಿ.ವಿ. ಕಾರಂತರು, ಕಾಸರವಳ್ಳಿ, ಶಂಕರ್‌ನಾಗ್ ಹೆಸರು ಕೂಡಲೇ ಬಾಯಿಗೆ ಬರುತ್ತದೆ. ಈ ಮೂರಕ್ಕೂ ಕ್ಯಾಮೆರಾ ಹಿಡಿದವರು ರಾಮಚಂದ್ರ. ಮೊದಲ ಎರಡಕ್ಕೂ ದೇಶದ ಅತ್ಯುತ್ತಮ ಚಿತ್ರಕ್ಕೆ ಕೊಡುವ ಸ್ವರ್ಣ ಕಮಲ ಬಂತು. ‘ಋಷ್ಯಶೃಂಗ’ದ ಛಾಯಾಗ್ರಹಣಕ್ಕೆ ಅವರಿಗೇ ರಾಷ್ಟ್ರ ಪ್ರಶಸ್ತಿ ಬಂತು. 2011ರಲ್ಲಿ ತೀರಿಕೊಂಡರು. ಅವರನ್ನು ನಾನು ಭೇಟಿಯಾಗಿಲ್ಲ. ಆದರೂ ಕ್ಯಾಮೆರಾ ಕೆಲಸದಲ್ಲಿ ನನಗೆ ಗುರು ಅಂದರೆ ಅವರೇ.

ತೀರ್ಥಹಳ್ಳಿ ಕಡೆಯ ಒಂದು ಹಳೇ ಮನೆಯಲ್ಲಿ ಸಾಕ್ಷ್ಯಚಿತ್ರ ಮಾಡುವ ಕೆಲಸ ಬಂದಾಗ ಮೊದಲು ಕೂತು ನೋಡಿದ್ದು 1977ರ ‘ಘಟಶ್ರಾದ್ಧ’. ಸೌಂಡ್ ಪೂರ್ತಿ ಆಫ್ ಮಾಡಿ ನೋಡಿದೆ. ಮಾತು ಕೇಳುತ್ತಿದ್ದರೆ ಕಣ್ಣು ಮುಖದ ಮೇಲೇ ಇರುತ್ತದೆ, ಬೆಳಕು ಕಾಣುವುದಿಲ್ಲ. ಒಂದೊಂದು ಶಾಟ್‌ಗೂ ನಿಲ್ಲಿಸಿ, ಬೆಳಕು ಯಾವ ಕಡೆಯಿಂದ ಬರುತ್ತಿದೆ ಅಂತ ಪುಸ್ತಕದಲ್ಲಿ ಗುರುತು ಹಾಕಿಕೊಂಡೆ. ಬಾಗಿಲೇ, ಕಿಟಕಿಯೇ, ಅಂಗಳವೇ, ದೀಪವೇ? ಕಪ್ಪು-ಬಿಳುಪು ಚಿತ್ರ ಅದು. ಗೋಡೆಯಿಂದ ಮನುಷ್ಯನನ್ನು ಬಿಡಿಸಿ ತೋರಿಸಲು ಬಣ್ಣದ ಸಹಾಯ ಇಲ್ಲ. ಹಾಗಾಗಿ ಕತ್ತಲ ಮುಂದೆ ಬಿಳಿ ಬಟ್ಟೆ, ಬೆಳಗಿದ ಬಾಗಿಲಿನ ಮುಂದೆ ಕಪ್ಪು ಆಕೃತಿ. ಮುಖದ ಅರ್ಧ ಕತ್ತಲಲ್ಲೇ ಉಳಿದರೂ ಅಲ್ಲಿಗೆ ಇನ್ನೊಂದು ಲೈಟ್ ತಂದು ಸುರಿಯುವ ಆತುರ ಅವರಿಗಿಲ್ಲ. ಆ ಧೈರ್ಯ ನನಗೆ ತುಂಬ ದೊಡ್ಡದಾಗಿ ಕಂಡಿತು. ಶೂಟ್ ಮಾಡಿದ ನೆಗೆಟಿವ್ ಲ್ಯಾಬಿಗೆ ಹೋಗಿ ಬರುವವರೆಗೆ ಏನು ಬಂದಿದೆ ಅಂತ ನೋಡಲು ಮಾನಿಟರ್ ಕೂಡ ಇಲ್ಲದ ಕಾಲ. 400 ಅಡಿಯ ಫಿಲ್ಮ್ ರೋಲ್ ನಾಲ್ಕೂವರೆ ನಿಮಿಷದ ಒಳಗೆ ಮುಗಿದುಹೋಗುತ್ತಿತ್ತು. ಬೆಳಕು ಅಳೆಯುವ ಮೀಟರ್ ಮತ್ತು ಕಣ್ಣು, ಇವೆರಡನ್ನೇ ನಂಬಬೇಕಿತ್ತು.

ಆ ಮನೆಗೆ ಹೋದಾಗ ಮಳೆಗಾಲ. ಮೊದಲ ದಿನ ಕ್ಯಾಮೆರಾ ಬ್ಯಾಗಿನಿಂದ ತೆಗೆಯಲೇ ಇಲ್ಲ. ಬೆಳಗ್ಗೆಯಿಂದ ಸಂಜೆವರೆಗೆ ಸುಮ್ನೆ ಕೂತು, ಜಗುಲಿಗೆ ಬೆಳಕು ಯಾವಾಗ ಬರುತ್ತದೆ, ಒಳಮನೆ ಎಷ್ಟು ಹೊತ್ತಿಗೆ ಕಪ್ಪಾಗುತ್ತದೆ ಅಂತ ನಕ್ಷೆ ಬರೆದೆ. ಅಡುಗೆಮನೆಯ ಮಾಡಿನಲ್ಲಿ ಒಂದೇ ಒಂದು ಗಾಜಿನ ಹೆಂಚು. ಹೊಗೆ ಹಿಡಿದ ಗೋಡೆ ಬೆಳಕನ್ನು ನುಂಗಿಬಿಡುತ್ತಿತ್ತು. ಆ ಮನೆಯ ಅಮ್ಮನನ್ನು ಆ ಹೆಂಚಿನ ನೇರ ಕೆಳಗೆ ಕೂರಿಸಿದರೆ ಕಣ್ಣು ಗುಳಿಬಿದ್ದ ಹಾಗೆ ಕಾಣುತ್ತದೆ. ‘ಅಮ್ಮಾ, ಮಣೆ ಸ್ವಲ್ಪ ಹಿಂದೆ ಎಳ್ಕೊಳ್ತೀರಾ?’ ಅಂದೆ. ಒಂದು ಮೊಳ ಸರಿದರು. ಬೆಳಕು ಓರೆಯಾಗಿ ಕೆನ್ನೆಗೆ ಬಿತ್ತು. ಬೆಳಕು ತಿರುಗಿ ಮುಖಕ್ಕೆ ಬೀಳಲಿ ಅಂತ ಆಚೆ ಬದಿಗೆ ಬಿಳಿ ಥರ್ಮಾಕೋಲ್ ಹಾಳೆ ಹಿಡಿದು ನೋಡಿದೆ, ನೆರಳು ಸತ್ತುಹೋಯಿತು. ದೂರ ಎರಡು ಪಟ್ಟಾದರೆ ಬೆಳಕು ಸುಮಾರು ನಾಲ್ಕನೇ ಒಂದಕ್ಕೆ ಇಳಿಯುತ್ತದೆ. ಹಾಗಾಗಿ ಹಾಳೆಯನ್ನು ಬಾಗಿಲವರೆಗೂ ಹಿಂದಕ್ಕೆ ಒಯ್ದೆ. ಕಣ್ಣಿನ ಹೊಳಪು ಉಳಿಯಿತು, ಕತ್ತಲೂ ಉಳಿಯಿತು. ಬೆಳಗಿದ ಕೆನ್ನೆಗೆ ಮೀಟರ್ ಹಿಡಿದು, ಅದಕ್ಕಿಂತ ಅರ್ಧ ಸ್ಟಾಪ್ ಕಡಿಮೆಗೆ ಎಕ್ಸ್‌ಪೋಷರ್ ಇಟ್ಟೆ (ಒಂದು ಸ್ಟಾಪ್ ಇಳಿಸಿದರೆ ಕ್ಯಾಮೆರಾದೊಳಗೆ ಹೋಗುವ ಬೆಳಕು ಅರ್ಧ ಆಗುತ್ತದೆ).

ಜಗುಲಿಯಲ್ಲಿ ಕಷ್ಟ ಬೇರೆ ಥರ. ಹೊರಗಿನ ಮಳೆಯ ಬಿಳುಪು ಒಳಗಿನವರನ್ನು ಮುಳುಗಿಸುತ್ತದೆ. ಕ್ಯಾಮೆರಾವನ್ನು ಅಂಗಳಕ್ಕೆ ಬೆನ್ನು ಮಾಡಿಸಿ ಇಟ್ಟರೆ ಅರ್ಧ ಕೆಲಸ ಆಯಿತು. ಮೋಡದ ಬೆಳಕೇ ದೊಡ್ಡ ಮೆತ್ತನೆಯ ಲೈಟ್ ಆಗುತ್ತದೆ. ಮುಖ ತೀರಾ ಸಪಾಟಾದರೆ ಒಂದು ಬದಿಗೆ ಕಪ್ಪು ಕಂಬಳಿ ಇಳಿಬಿಡಬೇಕು, ಅಷ್ಟೆ. ಆಗುಂಬೆಯ ದೊಡ್ಡಮನೆಯಲ್ಲಿ ತೆಗೆದ ‘ಮಾಲ್ಗುಡಿ ಡೇಸ್’ ದೃಶ್ಯಗಳನ್ನು ಈ ಕಣ್ಣಿನಿಂದ ಇನ್ನೊಮ್ಮೆ ನೋಡಿ. ಕಂಬ, ಜಗುಲಿ, ಅಂಗಳ, ಎಲ್ಲವೂ ಜನ ಬದುಕುವ ಮನೆಯ ಹಾಗೇ ಕಾಣುತ್ತದೆ ಅಲ್ವಾ?

‘ಘಟಶ್ರಾದ್ಧ’ವನ್ನು 4ಕೆಯಲ್ಲಿ ಸರಿಪಡಿಸಿ 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಿದರು. ಆ ಪ್ರತಿ ನಿಮ್ಮೂರಿನಲ್ಲಿ ದೊಡ್ಡ ಪರದೆಗೆ ಬಂದರೆ ದಯವಿಟ್ಟು ಬಿಡಬೇಡಿ. ಕ್ಯಾಮೆರಾ ಕಲಿಯುವ ಹುಡುಗ ಹುಡುಗಿಯರು ಪುಸ್ತಕ, ಪೆನ್ಸಿಲ್ ಜೊತೆಗೆ ಇಟ್ಟುಕೊಂಡೇ ಹೋಗಿ.