ಇಎಂಐ ಆಚೆಗಿನ ಲೆಕ್ಕ: ನನ್ನ ಗೃಹಸಾಲದ ನಿಜವಾದ ವೆಚ್ಚ ಕಂಡುಕೊಂಡ ಬಗೆ

ಗೃಹಸಾಲದ ನಿಜವಾದ ವೆಚ್ಚವನ್ನು ತಿಳಿಯಬೇಕಾದರೆ ಬ್ಯಾಂಕು ಕೊಡುವ ಕಾಗದ ಸಾಲದು, ಕೈಯಿಂದ ಹೋದ ಪ್ರತಿಯೊಂದು ರೂಪಾಯಿಯನ್ನೂ ದಿನಾಂಕದೊಡನೆ ನಾವೇ ಬರೆದಿಡಬೇಕು ಎಂದು ನಾನು ಹೇಳಿದಾಗ, ಪುಣೆ ಬಳಿಯ ಭೋಸರಿಯ ನಮ್ಮ ಕಾರ್ಖಾನೆಯ ಕಾಸ್ಟಿಂಗ್ (ವೆಚ್ಚ ಲೆಕ್ಕದ) ವಿಭಾಗದಲ್ಲಿ ನಕ್ಕವರೇ ಹೆಚ್ಚು. ತಿಂಗಳ ಕಂತನ್ನು (ಇಎಂಐ) ತಿಂಗಳುಗಳ ಸಂಖ್ಯೆಯಿಂದ ಗುಣಿಸಿದರೆ ಲೆಕ್ಕ ಮುಗಿಯಿತಲ್ಲ ಎಂಬುದು ಅವರ ವಾದವಾಗಿತ್ತು. ಧಾರವಾಡದಲ್ಲಿರುವ ನನ್ನ ಮಾವನವರಂತೂ, "ಸಾಲ ಲಗೂನ ತೀರಿಸೋದು ಬಿಟ್ಟು ಅದರ ಜಾತಕ ಯಾಕ ಬರೀತೀರಿ?" ಎಂದು ಕೇಳಿದ್ದರು. ಅಂದು ನಕ್ಕವರಲ್ಲಿ ಇಬ್ಬರು ಈಗ ತಮ್ಮ ಸಾಲದ ಸ್ಟೇಟ್‌ಮೆಂಟ್ ಹಿಡಿದು ನನ್ನ ಮೇಜಿನ ಬಳಿ ಬರುತ್ತಾರೆ. ಹಾಗಾಗಿ ನಾನು ಮಾಡಿದ್ದನ್ನು ಇಲ್ಲಿ ಬರೆಯುತ್ತಿದ್ದೇನೆ. ಕಂತಿನ ಸೂತ್ರ, ಎಕ್ಸೆಲ್ ಇವು ಓದುವವರಿಗೆ ಗೊತ್ತಿವೆ ಎಂದೇ ಭಾವಿಸಿದ್ದೇನೆ. ಅಂಕಿಗಳನ್ನು ಹೆಚ್ಚಾಗಿ ನೆನಪಿನಿಂದ ಕೊಡುತ್ತಿರುವುದರಿಂದ ನೂರಿನ್ನೂರು ರೂಪಾಯಿ ಆಚೀಚೆ ಆಗಬಹುದು.

2019ರ ಮಧ್ಯಭಾಗದಲ್ಲಿ ರಾವೇತದಲ್ಲಿ ಕಟ್ಟಡ ಇನ್ನೂ ಏಳುತ್ತಿರುವಾಗಲೇ ಫ್ಲ್ಯಾಟು ಬುಕ್ ಮಾಡಿದೆ. ಒಪ್ಪಂದದ ಬೆಲೆ ಸುಮಾರು 53 ಲಕ್ಷ, ಸಾಲ 42 ಲಕ್ಷ, ಅವಧಿ 20 ವರ್ಷ, ದರ ಶೇ. 8.6. ಕಂತು 36,700 ರೂಪಾಯಿಯ ಹತ್ತಿರ ಬರುತ್ತಿತ್ತು. ಸಹೋದ್ಯೋಗಿಗಳ ಗುಣಾಕಾರದಂತೆ ಒಟ್ಟು 88 ಲಕ್ಷ, ಅಂದರೆ ಬಡ್ಡಿಯೇ 46 ಲಕ್ಷ. ಆದರೆ ನಾನು ಆ ಕಂತನ್ನು ಒಂದು ತಿಂಗಳೂ ಕಟ್ಟಿಲ್ಲ. ದರ, ಅವಧಿ, ಕಂತು ಮೂರೂ ಬದಲಾಗುತ್ತ ಹೋಗುವ ಸಾಲಕ್ಕೆ ಮೊದಲ ದಿನದ ಗುಣಾಕಾರ ಎಷ್ಟು ಕೆಲಸಕ್ಕೆ ಬಾರದ್ದು ಎಂಬುದಕ್ಕೆ ಇಷ್ಟು ಸಾಕು.

ಎಕ್ಸೆಲ್‌ನಲ್ಲಿ ನಾನು ಮಾಡಿಕೊಂಡ ಲೆಕ್ಕದ ಹಾಳೆಯ ಮೊದಲ ನಿಯಮವೆಂದರೆ ಮನೆಯ ವೆಚ್ಚವನ್ನೂ ಸಾಲದ ವೆಚ್ಚವನ್ನೂ ಬೆರೆಸದಿರುವುದು. ಮುದ್ರಾಂಕ ಶುಲ್ಕ ಮೂರು ಲಕ್ಷಕ್ಕೆ ಮೇಲೆ, ನೋಂದಣಿ 30,000, ಶೇ. 5ರ ಜಿಎಸ್‌ಟಿ ಎರಡೂವರೆ ಲಕ್ಷಕ್ಕೆ ಮೇಲೆ, ಹೀಗೆ ಆರು ಲಕ್ಷದಷ್ಟು ಹಣ ಸಾಲದ ವ್ಯಾಪ್ತಿಗೆ ಬಾರದೆ ನೇರವಾಗಿ ಜೇಬಿನಿಂದ ಹೋಯಿತು. ಇದು ಮನೆಯ ವೆಚ್ಚ, ನಗದು ಕೊಟ್ಟು ಕೊಂಡಿದ್ದರೂ ತಪ್ಪುತ್ತಿರಲಿಲ್ಲ. (ಈಗ ಪುಣೆಯಲ್ಲಿ ಕೊಳ್ಳುವವರಿಗೆ ಮೆಟ್ರೊ ಉಪಕರವೂ ಸೇರಿ ಮುದ್ರಾಂಕ ಶುಲ್ಕವೇ ಶೇ. 7. ಮಹಿಳೆಯೊಬ್ಬರ ಹೆಸರಿನಲ್ಲೇ ಕೊಂಡರೆ ಶೇ. 1ರ ರಿಯಾಯಿತಿ ಇದೆ.) 50 ಲಕ್ಷ ಮೀರಿದ ಆಸ್ತಿಗೆ ಕೊಳ್ಳುವವರು ಕಡಿತ ಮಾಡಿ ಸರ್ಕಾರಕ್ಕೆ ಕಟ್ಟಬೇಕಾದ ಶೇ. 1ರ ಟಿಡಿಎಸ್ ಅನ್ನು ಅನೇಕರು ಹೆಚ್ಚಿನ ಖರ್ಚೆಂದು ಬರೆದುಕೊಳ್ಳುತ್ತಾರೆ. ಅದು ಬಿಲ್ಡರಿಗೆ ಕೊಡುವ ಹಣದಿಂದಲೇ ಮುರಿದುಕೊಂಡದ್ದು, ನಮ್ಮ ಖರ್ಚಲ್ಲ. ಸಾಲದ ಹಾಳೆಗೆ ಬರಬೇಕಾದವು ಪ್ರೊಸೆಸಿಂಗ್ ಶುಲ್ಕ, ವಕೀಲರ ಮತ್ತು ಮೌಲ್ಯಮಾಪಕರ ಶುಲ್ಕ, ಅಡಮಾನದ ಮುದ್ರಾಂಕ ಮತ್ತು ಫೈಲಿಂಗ್, ಆಮೇಲೆ ದರ ಬದಲಿಸಲು ಕೊಟ್ಟ ಹಣ. ಎಲ್ಲ ಸೇರಿ 40 ಸಾವಿರದ ಆಸುಪಾಸು. 20 ವರ್ಷಕ್ಕೆ ಹರಡಿದರೆ ಇದು ದರವನ್ನು ಶೇ. 0.13ರಷ್ಟು ಮಾತ್ರ ಏರಿಸುತ್ತದೆ, ಸಾಲವನ್ನು ಐದಾರು ವರ್ಷದಲ್ಲಿ ತೀರಿಸುವವರಿಗೆ ಅದರ ಎರಡರಷ್ಟು ಭಾರವಾಗುತ್ತದೆ.

ಮೊದಲ ಹಾಳೆ ತಾಳೆಯಾಗಲಿಲ್ಲ. ಹೋದ ಹಣ, ಬಂದ ಹಣ, ದಿನಾಂಕ ಹಾಕಿ, ಅವುಗಳಿಂದ ವಾರ್ಷಿಕ ದರ ಕಂಡುಹಿಡಿಯುವ ಎಕ್ಸೆಲ್‌ನ ಎಕ್ಸ್‌ಐಆರ್‌ಆರ್ ಸೂತ್ರ ಕೊಟ್ಟರೆ ಶುಲ್ಕಗಳನ್ನು ಸೇರಿಸುವ ಮೊದಲೇ ದರ ಶೇ. 8.95 ಎಂದು ತೋರಿಸುತ್ತಿತ್ತು. ಬ್ಯಾಂಕಿನ ಪ್ರಕಾರ ಅದು 8.6. ವಿಭಾಗದಲ್ಲಿ ಮತ್ತೆ ನಗೆ ಎದ್ದಿತು. ವಾಸ್ತವವಾಗಿ ಎರಡೂ ಒಂದೇ. ಬ್ಯಾಂಕು ವಾರ್ಷಿಕ ದರವನ್ನು ಹನ್ನೆರಡರಿಂದ ಭಾಗಿಸಿ ತಿಂಗಳಿಗೆ ಹಾಕುತ್ತದೆ, ಎಕ್ಸ್‌ಐಆರ್‌ಆರ್ ತಿಂಗಳ ಚಕ್ರಬಡ್ಡಿಯನ್ನೂ ಸೇರಿಸಿ ವರ್ಷದ ಪರಿಣಾಮವನ್ನು ಹೇಳುತ್ತದೆ. ಅದನ್ನು ಸರಿಪಡಿಸಿದ ಮೇಲೂ ಬಾಕಿಯ ಮೊತ್ತದಲ್ಲಿ ಸಣ್ಣ ವ್ಯತ್ಯಾಸ ಉಳಿಯಿತು. ತಿಂಗಳ ಬದಲು ದಿನಗಳ ಲೆಕ್ಕದಲ್ಲಿ ಬಡ್ಡಿ ಹಾಕಿದಾಗ ಹೆಚ್ಚಿನ ಸಾಲುಗಳು ರೂಪಾಯಿಗೆ ರೂಪಾಯಿ ಕೂಡಿಬಂದವು. ಒಂದು ಸಾಲು ಮಾತ್ರ ಸಾವಿರದ ಮುನ್ನೂರು ಚಿಲ್ಲರೆಯಷ್ಟು ಹಟ ಹಿಡಿದು ಕುಳಿತಿತ್ತು. ಹುಡುಕಿದಾಗ ತಿಳಿದದ್ದಿಷ್ಟು: ಬ್ಯಾಂಕು ಹಂತಹಂತವಾಗಿ ಬಿಡುಗಡೆ ಮಾಡಿದ ಸಾಲದ ಹಣದಲ್ಲಿ ಎಂಟು ಲಕ್ಷದ ಒಂದು ಚೆಕ್ಕು ಬಿಲ್ಡರಿಗೆ ತಲುಪಿದ್ದು ವಾರದ ನಂತರ, ಆದರೆ ಬಡ್ಡಿ ಓಡಿದ್ದು ಚೆಕ್ಕಿನ ಮೇಲಿನ ದಿನಾಂಕದಿಂದ. 2024ರ ಏಪ್ರಿಲ್‌ನಲ್ಲಿ ರಿಸರ್ವ್ ಬ್ಯಾಂಕು ಈ ಪದ್ಧತಿಯನ್ನೇ ಹೆಸರಿಸಿ, ಹಣ ನಿಜವಾಗಿ ಕೈಬಿಟ್ಟ ದಿನದಿಂದ ಮಾತ್ರ ಬಡ್ಡಿ ಹಾಕಬೇಕೆಂದು ಎಚ್ಚರಿಸಿತು. ಮೊತ್ತ ದೊಡ್ಡದಲ್ಲ ನಿಜ, ಆದರೆ ನನ್ನ ಹಾಳೆಯ ಮೇಲೆ ನನಗೇ ನಂಬಿಕೆ ಬಂದದ್ದು ಆ ಸಾಲಿನಿಂದ.

ಮನೆ ಕೈಗೆ ಬರುವ ಮುಂಚೆ, ಅಲ್ಲಿಯವರೆಗೆ ಬಿಡುಗಡೆಯಾದ ಸಾಲದ ಹಣಕ್ಕೆ ಕಟ್ಟುವ ಪ್ರೀ-ಇಎಂಐ ಬಡ್ಡಿಯನ್ನು ಯಾರೂ ಲೆಕ್ಕಕ್ಕೆ ಹಿಡಿಯುವುದಿಲ್ಲ. ನನ್ನದು ಒಂದೂವರೆ ವರ್ಷದಲ್ಲಿ ಮೂರು ಲಕ್ಷ ದಾಟಿತ್ತು. ಅದರಿಂದ ಅಸಲು ಒಂದು ರೂಪಾಯಿಯೂ ಇಳಿಯಲಿಲ್ಲ, ಜೊತೆಗೆ ಚಿಂಚವಡದ ಬಾಡಿಗೆ ಬೇರೆ. ಈ ಬಡ್ಡಿಯನ್ನು ಮನೆ ಪೂರ್ಣಗೊಂಡ ವರ್ಷದಿಂದ ಐದು ಸಮ ಭಾಗಗಳಲ್ಲಿ ಆದಾಯ ತೆರಿಗೆಯಲ್ಲಿ ಕಳೆಯಬಹುದು ಎಂದು ಎಲ್ಲರೂ ಸಮಾಧಾನ ಹೇಳಿದರು. ಆದರೆ ಸ್ವಂತ ವಾಸದ ಮನೆಗೆ ವರ್ಷಕ್ಕೆ ಎರಡು ಲಕ್ಷದ ಮಿತಿ ಇದೆ, ಆ ಭಾಗವೂ ಅದರೊಳಗೇ ಬರಬೇಕು. ನನ್ನ ಚಾಲ್ತಿ ಬಡ್ಡಿಯೇ ಎರಡು ಲಕ್ಷ ಎಂಬತ್ತು ಸಾವಿರಕ್ಕೆ ಮೇಲಿದ್ದುದರಿಂದ ಸಿಕ್ಕ ಲಾಭ ಸೊನ್ನೆ. ಅಸಲಿನ ಮರುಪಾವತಿಗೆ ಸಿಗುತ್ತಿದ್ದ 80ಸಿ ತೆರಿಗೆ ವಿನಾಯಿತಿಯ ಮಿತಿಯನ್ನು ಪಿಎಫ್ ಮತ್ತು ಮಗಳ ಶಾಲೆಯ ಫೀಸು ಮೊದಲೇ ತುಂಬಿಬಿಟ್ಟಿದ್ದವು. ಹೀಗೆ ಶೇ. 20ರ ತೆರಿಗೆ ಹಂತದಲ್ಲಿದ್ದ ನನಗೆ ವರ್ಷಕ್ಕೆ ಉಳಿದದ್ದು 40 ಸಾವಿರ ಚಿಲ್ಲರೆ ಮಾತ್ರ. ಹೊಸ ತೆರಿಗೆ ಪದ್ಧತಿಗೆ ಹೋದ ಮೇಲೆ ಅದೂ ನಿಂತಿತು, ಏಕೆಂದರೆ ಅಲ್ಲಿ ಸ್ವಂತ ವಾಸದ ಮನೆಯ ಬಡ್ಡಿಗೆ ಕಡಿತವಿಲ್ಲ. ತೆರಿಗೆ ಉಳಿಯುತ್ತದೆ ಎಂಬ ಕಾರಣಕ್ಕೆ ಸಾಲವನ್ನು ಎಳೆಯುವವರು ಈ ಕಾಲಂ ಅನ್ನು ತಮ್ಮದೇ ಅಂಕಿ ಹಾಕಿ ನೋಡಲಿ.

ಸಾಲದ ಜೊತೆಗೆ ಅಂಟಿಸುವ, ಪ್ರೀಮಿಯಂ ಪೂರ್ತಿ ಒಂದೇ ಸಲ ಕಟ್ಟುವ ವಿಮೆಯನ್ನು ನಾನು ಒಪ್ಪಲಿಲ್ಲ, ಪ್ರತ್ಯೇಕ ಟರ್ಮ್ ಪಾಲಿಸಿ ತೆಗೆದುಕೊಂಡೆ. ಸಹೋದ್ಯೋಗಿಯೊಬ್ಬರು ಒಪ್ಪಿದರು. ಅವರ 1.6 ಲಕ್ಷದ ಪ್ರೀಮಿಯಂ ಸಾಲಕ್ಕೇ ಸೇರಿತು. ನನ್ನ ದರ ಮತ್ತು ಅವಧಿಯಲ್ಲಿ ಹಾಕಿ ನೋಡಿದರೆ ತಿಂಗಳಿಗೆ 1,400, ಕೊನೆಗೆ 3.35 ಲಕ್ಷ. 2024ರ ಅಕ್ಟೋಬರ್ 1ರ ನಂತರದ ಸಾಲಗಳಿಗೆ ಕೊಡಲೇಬೇಕಾದ ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್‌ನಲ್ಲಿ (ಸಾಲದ ಮುಖ್ಯ ವಿವರಗಳ ಪತ್ರ) ಬ್ಯಾಂಕಿನ ಮೂಲಕ ವಸೂಲಾಗುವ ವಿಮೆಯ ಹಣವೂ ವಾರ್ಷಿಕ ದರದೊಳಗೆ ಸೇರಿರಬೇಕು, ಆದ್ದರಿಂದ ಹೊಸಬರಿಗೆ ಇದು ಕಣ್ಣಿಗೆ ಬೀಳುತ್ತದೆ. ಆದರೆ ಆ ಕಾಗದ ಇಂದಿನ ದರವೇ ಕೊನೆಯವರೆಗೂ ಇರುತ್ತದೆ ಎಂದುಕೊಂಡು ಲೆಕ್ಕ ಹಾಕುತ್ತದೆ. ನಾನು ಪೆಟ್ಟು ತಿಂದದ್ದು ಸರಿಯಾಗಿ ಅಲ್ಲಿಯೇ.

2021ರ ಆರಂಭದಲ್ಲಿ ಐದಾರು ಸಾವಿರ ಕೊಟ್ಟು ಬ್ಯಾಂಕು ತನ್ನದೇ ವೆಚ್ಚದ ಮೇಲೆ ನಿಗದಿ ಮಾಡುವ ಹಳೆಯ ಎಂಸಿಎಲ್‌ಆರ್‌ನಿಂದ ರೆಪೊ (ರಿಸರ್ವ್ ಬ್ಯಾಂಕು ಬ್ಯಾಂಕುಗಳಿಗೆ ಸಾಲ ಕೊಡುವ ದರ) ಆಧಾರಿತ ದರಕ್ಕೆ ಬದಲಾಯಿಸಿಕೊಂಡೆ. ರೆಪೊ ಶೇ. 4, ಅದರ ಮೇಲೆ ಬ್ಯಾಂಕು ಸೇರಿಸಿದ ಅಂತರ, ಅಂದರೆ ನನ್ನ ಸ್ಪ್ರೆಡ್ 2.95, ಒಟ್ಟು 6.95. ಪೂರ್ಣ ಕಂತು 32,400 ರೂಪಾಯಿಗೆ ಆರಂಭವಾಯಿತು. ವಿಭಾಗದವರಿಗೆಲ್ಲ ಚಹಾ ಕೊಡಿಸಿದ್ದೆ. 2022ರ ಮೇ ತಿಂಗಳಿನಿಂದ ರೆಪೊ ಏರತೊಡಗಿ 2023ರ ಫೆಬ್ರುವರಿಯಲ್ಲಿ 6.5ಕ್ಕೆ ನಿಂತಿತು. ಕಂತು ಬದಲಾಗದ ಕಾರಣ ಮನೆಯಲ್ಲಿ ಯಾರಿಗೂ ಏನೂ ಅನ್ನಿಸಲಿಲ್ಲ. ಹಾಳೆಯಲ್ಲಿ ಮಾತ್ರ ಆ ತಿಂಗಳ ಸಾಲು ಹೀಗಿತ್ತು: ಬಾಕಿ 40.16 ಲಕ್ಷ, ದರ 9.45, ಕಂತು 32,437, ಬಡ್ಡಿ 31,626, ಅಸಲಿಗೆ ಹೋದದ್ದು 811. ಎರಡು ವರ್ಷ ಕಂತು ಕಟ್ಟಿ ಇಳಿಸಿದ್ದು ಎರಡು ಲಕ್ಷಕ್ಕಿಂತ ಕಡಿಮೆ. ಇದೇ ಕಂತಿನಲ್ಲಿ ಸಾಲ ತೀರಲು ಇನ್ನೂ 470 ತಿಂಗಳು, ಅಂದರೆ 39 ವರ್ಷ ಬೇಕಾಗಿತ್ತು. ತೂತು ಬಿಂದಿಗೆಗೆ ನೀರು ಹೊಯ್ದಂತೆ ಎನ್ನುತ್ತಾರಲ್ಲ, ಅದರ ಲೆಕ್ಕ ಆ ಸಾಲಿನಲ್ಲಿತ್ತು.

ಬ್ಯಾಂಕಿಗೂ ಇದು ಗೊತ್ತಾಗಿರಬೇಕು. ಕೆಲವು ದಿನಗಳಲ್ಲಿ ಬಂದ ಪತ್ರದಲ್ಲಿ ಕಂತನ್ನು 33,600ಕ್ಕೆ ಏರಿಸಿ ಅವಧಿಯನ್ನು ಅಲ್ಲಿಂದ ಮುಂದಕ್ಕೆ 30 ವರ್ಷ ಮಾಡಲಾಗಿದೆ ಎಂದಿತ್ತು. ಶಾಖೆಗೆ ಹೋದೆ. ಅಲ್ಲಿದ್ದ ಅಧಿಕಾರಿ ನಮ್ಮ ಬೆಳಗಾವಿ ಕಡೆಯವರು, ಬಹಳ ಸೌಜನ್ಯದಿಂದ ಮಾತನಾಡಿಸಿದರು. "ಸರ್, ಇದು ನಾವು ಮಾಡಿದ್ದಲ್ಲರೀ, ಸಿಸ್ಟಂ ತಾನಽ ಅವಧಿ ಹೆಚ್ಚ ಮಾಡ್ತದ. ಕಂತು ಸಾವಿರ ರೂಪಾಯಿ ಅಷ್ಟ ಏರೇದ, ಸುಮ್ನ ಬಿಡ್ರಿ" ಎಂದರು. ಹಳೆಯ ಅವಧಿಯೇ ಬೇಕು, ಕಂತನ್ನು ಏರಿಸಿ ಎಂದರೆ ಅಂಥ ಅರ್ಜಿಯೇ ಇಲ್ಲ ಎಂಬ ಉತ್ತರ ಬಂತು. ಅದೇ ವರ್ಷದ ಆಗಸ್ಟ್ 18ರಂದು ರಿಸರ್ವ್ ಬ್ಯಾಂಕಿನ ಸುತ್ತೋಲೆ ಹೊರಬಿತ್ತು. ದರ ಏರಿದಾಗ ಕಂತು ಏರಿಸುವುದೋ, ಅವಧಿ ಹೆಚ್ಚಿಸುವುದೋ, ಎರಡನ್ನೂ ಬೆರೆಸುವುದೋ ಎಂಬ ಆಯ್ಕೆಯನ್ನು ಸಾಲಗಾರನಿಗೇ ಕೊಡಬೇಕು, ಹಳೆಯ ಸಾಲಗಳಿಗೂ ಆ ವರ್ಷದ ಕೊನೆಯೊಳಗೆ ಇದನ್ನು ಜಾರಿ ಮಾಡಬೇಕು ಎಂದು ಅದರಲ್ಲಿತ್ತು. ಅದರ ಪ್ರತಿಯ ಜೊತೆಗೆ ನನ್ನ ಹಾಳೆಯನ್ನೂ ಇಟ್ಟು ಅರ್ಜಿ ಕೊಟ್ಟೆ.

ಹಾಳೆಯಲ್ಲಿ ಎರಡೇ ಸಾಲುಗಳಿದ್ದವು. 33,600 ರೂಪಾಯಿಯಂತೆ 360 ತಿಂಗಳಿಗೆ 1 ಕೋಟಿ 21 ಲಕ್ಷ. 38,800 ರೂಪಾಯಿಯಂತೆ ಉಳಿದ 215 ತಿಂಗಳಿಗೆ 83 ಲಕ್ಷ ಚಿಲ್ಲರೆ. ತಿಂಗಳಿಗೆ 5,200 ಕಡಿಮೆ ಕಟ್ಟುವುದರ ಬೆಲೆ 37 ಲಕ್ಷ. ಇಲ್ಲಿ ಜಾಣ ಓದುಗರು ಆಕ್ಷೇಪಿಸುತ್ತಾರೆ, ನಮ್ಮ ವಿಭಾಗದಲ್ಲೂ ಆಕ್ಷೇಪಿಸಿದರು: ಇಪ್ಪತ್ತೈದು ವರ್ಷದ ನಂತರದ ರೂಪಾಯಿಯೂ ಇಂದಿನ ರೂಪಾಯಿಯೂ ಒಂದೇ ಅಲ್ಲ. ಮಾತು ಸರಿಯೇ, ಆದ್ದರಿಂದ 37 ಲಕ್ಷವನ್ನು ನಾನು ನಷ್ಟ ಎಂದು ಕರೆಯುವುದಿಲ್ಲ. ಕೇಳಬೇಕಾದ ಪ್ರಶ್ನೆ, ಆ 5,200 ರೂಪಾಯಿಯನ್ನು ಬೇರೆಡೆ ಇಟ್ಟರೆ ಎಷ್ಟು ಬರುತ್ತದೆ ಎಂಬುದು. ತೆರಿಗೆಯ ಲಾಭ ಕಳೆದು ನನ್ನ ಸಾಲದ ದರ 8.4ರ ಆಸುಪಾಸು ಇತ್ತು. ಶೇ. 7ರ ಠೇವಣಿ ತೆರಿಗೆ ಕಳೆದು 5.5 ಕೊಡುತ್ತಿತ್ತು. ಷೇರು ಪೇಟೆಯಲ್ಲಿ ಹೆಚ್ಚು ಬರಬಹುದು ಎನ್ನುವವರು ಆ 5,200 ಅನ್ನು ಮೂವತ್ತು ವರ್ಷ ತಪ್ಪದೆ ಹಾಕುವವರಾದರೆ ಅವರ ದಾರಿ ಅವರಿಗೆ. ನನ್ನ ಮನೆಯಲ್ಲಿ ಉಳಿದ ಹಣ ದೀಪಾವಳಿಯ ತನಕವೂ ನಿಲ್ಲುವುದಿಲ್ಲ.

ಅರ್ಜಿ ಎರಡು ಸಲ "ಪರಿಶೀಲನೆಯಲ್ಲಿದೆ" ಎಂದು ಮರಳಿ, ವರ್ಷದ ಕೊನೆಯಲ್ಲಿ ಮಂಜೂರಾಯಿತು. ಅದೇ ಹೊತ್ತಿಗೆ ಇನ್ನೊಂದು ಕೆಲಸವನ್ನೂ ಮಾಡಿಸಿಕೊಂಡೆ. ಹೊಸ ಗ್ರಾಹಕರಿಗೆ ಅದೇ ಶಾಖೆ ಕಡಿಮೆ ಸ್ಪ್ರೆಡ್ ಕೊಡುತ್ತಿತ್ತು, ಹಳಬನಾದ ನನಗೆ 2.95. ಬೇರೆ ಬ್ಯಾಂಕಿಗೆ ಸಾಲ ಒಯ್ಯುವ ಮಾತೆತ್ತಿದರೆ ಇವರು ಇಳಿಸುತ್ತಾರೆ ಎಂಬುದು ಎಲ್ಲರಿಗೂ ಗೊತ್ತು. ಆದರೆ ಬಾಯಿಮಾತಿಗೆ ಬೆಲೆಯಿಲ್ಲ, ನನಗೂ ಮೊದಲು ಇಲ್ಲ ಎಂದೇ ಹೇಳಿದ್ದರು. ಎರಡನೆಯ ಸಲ ಯಾವ ಕಾಗದಗಳನ್ನು ಯಾವ ಕ್ರಮದಲ್ಲಿ ಕೇಳಿದೆ ಎಂಬುದರಲ್ಲಿ ಗುಟ್ಟಿದೆ. ಅದನ್ನು ಇಲ್ಲಿ ಬರೆಯುವುದಿಲ್ಲ, ಏಕೆಂದರೆ ಇನ್ನೊಂದು ಸುತ್ತು ಅದನ್ನು ಬಳಸುವ ಯೋಚನೆ ನನಗಿದೆ. ಸ್ಪ್ರೆಡ್ 2.15ಕ್ಕೆ ಇಳಿಯಿತು, ದರ 8.65 ಆಯಿತು. ಶುಲ್ಕ ಆರೇಳು ಸಾವಿರ ಹೋಯಿತು, ಮೊದಲ ವರ್ಷದ ಬಡ್ಡಿಯಲ್ಲೇ ಮೂವತ್ತು ಸಾವಿರಕ್ಕೆ ಮೇಲೆ ಉಳಿಯಿತು.

ಈ ನಡುವೆ ಹಾಳೆಯಲ್ಲಿ ಕೆಲವು ಅಡ್ಡ ಪ್ರಯೋಗಗಳನ್ನೂ ಮಾಡಿದೆ. ಓವರ್‌ಡ್ರಾಫ್ಟ್ ಮಾದರಿಯ ಗೃಹಸಾಲದಲ್ಲಿ ಖಾತೆಯಲ್ಲಿ ಉಳಿದ ಹಣಕ್ಕೆ ತಕ್ಕಂತೆ ಬಡ್ಡಿ ಕಡಿಮೆಯಾಗುತ್ತದೆ ಎಂದು ಸ್ನೇಹಿತರು ಬಹಳ ಹೊಗಳಿದ್ದರು. ನನಗೆ ಅದಕ್ಕೆ ಶೇ. 0.3 ಹೆಚ್ಚು ದರ ಹೇಳಿದ್ದರು, 35 ಲಕ್ಷಕ್ಕೆ ವರ್ಷಕ್ಕೆ ಹತ್ತು ಸಾವಿರದ ಮಾತು. ಉಳಿತಾಯ ಖಾತೆಯ ಶೇ. 3 ಬಡ್ಡಿಯನ್ನು ಬಿಟ್ಟುಕೊಟ್ಟು ಆ ಹತ್ತು ಸಾವಿರವನ್ನು ಸರಿದೂಗಿಸಬೇಕಾದರೆ ವರ್ಷವಿಡೀ 1.85 ಲಕ್ಷ ಸುಮ್ಮನೆ ಬಿದ್ದಿರಬೇಕು. ನನ್ನ ಖಾತೆಯ ಸರಾಸರಿ 80 ಸಾವಿರ ದಾಟುವುದಿಲ್ಲ. ವ್ಯಾಪಾರಿಗಳಿಗೆ ಅದು ಸರಿಹೋಗಬಹುದು. ವರ್ಷಕ್ಕೆ ಒಂದು ಹೆಚ್ಚುವರಿ ಕಂತು ಕಟ್ಟುವ ಹಳೆಯ ಉಪಾಯವನ್ನು ನನ್ನ ಮೂಲ ಸಾಲದ ಮೇಲೆ ಪರೀಕ್ಷಿಸಿದರೆ 20 ವರ್ಷ ಹದಿನಾರೂವರೆಗೆ ಇಳಿಯುತ್ತದೆ. ಬಾಡಿಗೆಯ ಹೋಲಿಕೆಯನ್ನೂ ಆರಂಭಿಸಿದ್ದೆ. ನಮ್ಮ ಕಟ್ಟಡದಲ್ಲೇ ಇಂಥದೇ ಫ್ಲ್ಯಾಟಿನ ಬಾಡಿಗೆ 18 ಸಾವಿರ, ಅಂದರೆ ಹಾಕಿದ 59 ಲಕ್ಷದ ಮೇಲೆ ವರ್ಷಕ್ಕೆ ಶೇ. 3.7ಕ್ಕೂ ಕಡಿಮೆ. ಮನೆಯಾಕೆ ಆ ಹಾಳೆಯನ್ನು ನೋಡಿದ ದಿನವೇ ಅದನ್ನು ಅಳಿಸಿಬಿಟ್ಟೆ.

ಈಗಿನ ಸ್ಥಿತಿ ಹೀಗಿದೆ. 2025ರಲ್ಲಿ ರೆಪೊ ನಾಲ್ಕು ಹಂತಗಳಲ್ಲಿ 5.25ಕ್ಕೆ ಇಳಿದು ನನ್ನ ದರ 7.4 ಆಗಿದೆ. ದರ ಇಳಿದಾಗಲೂ ಕಂತನ್ನು ಇಳಿಸಲು ಬಿಡದೆ 38,800ರಲ್ಲೇ ಇಟ್ಟಿದ್ದೇನೆ. ಬೋನಸ್ ಬಂದಾಗ ವರ್ಷಕ್ಕೆ ಒಂದೂವರೆ ಲಕ್ಷದಷ್ಟು ಅಸಲಿಗೆ ಕಟ್ಟುತ್ತೇನೆ. ವ್ಯಕ್ತಿಗಳ ಬದಲಾಗುವ ದರದ ಗೃಹಸಾಲಕ್ಕೆ ಬ್ಯಾಂಕುಗಳು 2012ರಿಂದ ಮುಂಗಡ ಪಾವತಿ ದಂಡ ಹಾಕುವಂತಿಲ್ಲ, ಆದರೂ ಕಟ್ಟಿದ ಹಣ ಅಸಲಿಗೇ ಜಮೆಯಾಯಿತೇ ಎಂಬುದನ್ನು ಮರುದಿನವೇ ಸ್ಟೇಟ್‌ಮೆಂಟ್ ತೆಗೆದು ನೋಡುತ್ತೇನೆ. ಬಾಕಿ 32 ಲಕ್ಷ ಚಿಲ್ಲರೆ. ಇನ್ನು ಒಂದು ರೂಪಾಯಿ ಹೆಚ್ಚುವರಿ ಕಟ್ಟದಿದ್ದರೂ ಹತ್ತು ವರ್ಷದೊಳಗೆ, ಬೋನಸ್ ಹಾಕುತ್ತ ಹೋದರೆ ಏಳು ವರ್ಷದೊಳಗೆ ಸಾಲ ಮುಗಿಯುತ್ತದೆ. ಬ್ಯಾಂಕಿನ ಪತ್ರ ಹೇಳಿದ್ದು 2053.

ಹಾಳೆಯ ತುದಿಯಲ್ಲಿ ಇನ್ನೂ ಮೊತ್ತ ತುಂಬದ ಕೆಲವು ಸಾಲುಗಳಿವೆ: ಅಡಮಾನ ತೆರವಿನ ಖರ್ಚು, ಅಡಮಾನಗಳ ಕೇಂದ್ರ ನೋಂದಣಿಯಾದ ಸೆರ್ಸಾಯ್ ದಾಖಲೆಯಲ್ಲಿ ಹೆಸರು ತೆಗೆಸುವುದು, ಮೂಲ ಕಾಗದಪತ್ರ ಮರಳಿ ಪಡೆಯುವುದು. ಸಾಲ ತೀರಿದ 30 ದಿನಗಳೊಳಗೆ ಕಾಗದಪತ್ರ ಕೊಡದೆ ಬ್ಯಾಂಕಿನ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಎಂದು 2023ರ ಡಿಸೆಂಬರ್‌ನಿಂದ ನಿಯಮವಿದೆ. ಅದಕ್ಕೊಂದು ಜಮೆ ಕಾಲಂ ಅನ್ನೂ ಈಗಲೇ ಹಾಕಿಟ್ಟಿದ್ದೇನೆ.