ಫೈರ್‌ಪ್ಲೇಸ್ ರಿಮೋಟ್‌ನಲ್ಲಿ 68 ಡಿಗ್ರಿ: ನನ್ನ ಅನುಭವ

ನಾವಿರುವುದು ಅಮೆರಿಕದ ಮಿನ್ನಿಯಾಪೊಲಿಸ್‌ನಲ್ಲಿ. ಚಳಿಗಾಲಕ್ಕೆ ಮೈಸೂರಿನಿಂದ ಅಮ್ಮ ಬಂದಿದ್ದಾರೆ. ಕೋಣೆ ಬೆಚ್ಚಗಿಡುವ ಗ್ಯಾಸ್ ಫೈರ್‌ಪ್ಲೇಸ್‌ನ ರಿಮೋಟ್‌ನಲ್ಲಿ 68 ಎಂದು ನೋಡಿ ಗಾಬರಿಯಾದರು. ಅದು ಫ್ಯಾರನ್‌ಹೀಟ್, ನಮ್ಮ ಲೆಕ್ಕದಲ್ಲಿ 20 ಡಿಗ್ರಿ ಅಷ್ಟೇ. ಪ್ರತಿ ಸಲ 32 ಕಳೆದು, 5ರಿಂದ ಗುಣಿಸಿ, 9ರಿಂದ ಭಾಗಿಸಿ ಎಂದು ಅಮ್ಮನಿಗೆ ಹೇಳುವುದು ಸರಿಯಲ್ಲ ಅಲ್ವಾ? ಸೆಲ್ಸಿಯಸ್‌ಗೆ ಬದಲಿಸಲು ಕೂತೆ.

ಬೆಂಕಿ ಉರಿಯುತ್ತಿರುವಾಗಲೇ ಅರ್ಧ ಗಂಟೆ ಬಟನ್ ಒತ್ತಿದೆ. ಜ್ವಾಲೆ, ಫ್ಯಾನ್ ಎಲ್ಲ ಬದಲಾಯಿತು, ಅಳತೆ ಮಾತ್ರ ಬದಲಾಗಲಿಲ್ಲ. ಕೊನೆಗೆ ಕೈಪಿಡಿ ತೆಗೆದೆ. ಮೊದಲು ಫೈರ್‌ಪ್ಲೇಸ್ ಆಫ್ ಮಾಡಬೇಕು! ಆಮೇಲೆ ಥರ್ಮೋಸ್ಟಾಟ್ (ನಾವಿಟ್ಟಷ್ಟು ಬಿಸಿ ಬಂದಾಗ ಬೆಂಕಿ ತಾನೇ ಆರುವಂತೆ ಮಾಡುವ ವ್ಯವಸ್ಥೆ) ಮತ್ತು ಮೋಡ್ ಬಟನ್ ಎರಡನ್ನೂ ಒಟ್ಟಿಗೆ ಒತ್ತಬೇಕು. ಒತ್ತಿದ ತಕ್ಷಣ ಕೋಣೆಯ ತಾಪಮಾನದ ಪಕ್ಕ 'ಎಫ್' ಹೋಗಿ 'ಸಿ' ಬಂತು. ಮತ್ತೆ ಒತ್ತಿದರೆ ವಾಪಸ್ ಎಫ್. ಎಲ್ಲ ರಿಮೋಟ್‌ಗಳಲ್ಲೂ ಇದೇ ಬಟನ್ ಇರುವುದಿಲ್ಲ, ನಿಮ್ಮ ಕೈಪಿಡಿ ನೋಡಿ.

ಇನ್ನೊಂದು ಮುಖ್ಯ ವಿಷಯ. ನಮ್ಮ ರಿಮೋಟ್‌ನೊಳಗೇ ತಾಪಮಾನ ಅಳೆಯುವ ಸೆನ್ಸರ್ ಇದೆ. ಅಮ್ಮ ಅದನ್ನು ಬೆಂಕಿಯ ಹತ್ತಿರವೇ ಇಡುತ್ತಿದ್ದರು. ಅಲ್ಲಿ ಬಿಸಿ ಜಾಸ್ತಿ, ಹಾಗಾಗಿ ಕೋಣೆ ಬೆಚ್ಚಗಾಗುವ ಮೊದಲೇ ಬೆಂಕಿ ಆರುತ್ತಿತ್ತು. ಈಗ ರಿಮೋಟ್ ಅಮ್ಮ ಕೂರುವ ಸೋಫಾದ ಪಕ್ಕದಲ್ಲಿದೆ. ಅವರೇ 22 ಇಟ್ಟುಕೊಂಡು ಆರಾಮವಾಗಿ ಕೂತಿದ್ದಾರೆ.