ಒಳನಾಡಿನಲ್ಲಿ ಭೂಕಂಪದ ಅಪಾಯ: ಗೆರೆಗೆ ಬೆರಳಿಟ್ಟು ಅಳೆಯಬೇಡಿ, ಹೀಗೆ ನೋಡಿ

ಭೂಫಲಕಗಳ ಅಂಚಿನಿಂದ ಬಹಳ ದೂರ, ಖಂಡದ ನಡುಭಾಗದಲ್ಲಿ ಇರುವವರು ಭೂಕಂಪದ ಅಪಾಯ ನೋಡುವ ರೀತಿ ಹೆಚ್ಚುಕಡಿಮೆ ಒಂದೇ. ಫೋನಿನಲ್ಲಿ ಫಾಲ್ಟ್‌ಲೈನ್ ನಕ್ಷೆ (ನೆಲದೊಳಗಿನ ಬಂಡೆ ಒಡೆದು ಸರಿದ ಬಿರುಕುಗಳ ನಕ್ಷೆ) ತೆರೆಯುತ್ತಾರೆ. ಮನೆಯಿಂದ ಹತ್ತಿರದ ಕೆಂಪು ಗೆರೆಗೆ ಎಷ್ಟು ದೂರ ಅಂತ ಅಳೆಯುತ್ತಾರೆ. ಎಂಬತ್ತು ಕಿಲೋಮೀಟರ್ ಬಂದರೆ ನಿರಾಳ, ಎಂಟು ಬಂದರೆ ನಿದ್ದೆಗೇಡು. ಎರಡೂ ತಪ್ಪು. ಸೈಟು ಕೊಳ್ಳುವವರು, ಮನೆ ಕಟ್ಟಿಸುವವರು, ಕೆಲವು ಕಂಟ್ರಾಕ್ಟರುಗಳೂ ಹೀಗೇ ಮಾಡುವುದನ್ನು ನೋಡಿ ಸಾಕಾಗಿದೆ. ಅದಕ್ಕೇ ಕ್ರಮವಾಗಿ ಹೇಳುತ್ತೇನೆ.

ಹೆಜ್ಜೆ 1: ಮೊದಲು ಹಳೆಯ ಭೂಕಂಪಗಳ ಪಟ್ಟಿ

ನಕ್ಷೆ ಆಮೇಲೆ. ಅಮೆರಿಕದ ಭೂವಿಜ್ಞಾನ ಸಂಸ್ಥೆ ಯುಎಸ್‌ಜಿಎಸ್ ಇಡೀ ಪ್ರಪಂಚದ ಭೂಕಂಪಗಳ ದಾಖಲೆಯನ್ನು ಪುಕ್ಕಟೆಯಾಗಿ ಕೊಡುತ್ತದೆ. ನಿಮ್ಮ ಜಾಗದ ಸುತ್ತ 300 ಕಿ.ಮೀ. ವರೆಗೆ, ಮ್ಯಾಗ್ನಿಟ್ಯೂಡ್ 4ಕ್ಕಿಂತ ದೊಡ್ಡ ಭೂಕಂಪಗಳನ್ನು ಹುಡುಕಿ. ಅಷ್ಟು ದೂರ ಯಾಕೆ ಅಂದರೆ, ಒಳನಾಡಿನ ಹಳೆಯ, ಗಟ್ಟಿ ಬಂಡೆಯಲ್ಲಿ ಕಂಪನ ಬೇಗ ಸಾಯುವುದಿಲ್ಲ. 2011ರಲ್ಲಿ ಅಮೆರಿಕದ ವರ್ಜೀನಿಯಾದಲ್ಲಿ ಆದದ್ದು ಬರೀ 5.8ರ ಭೂಕಂಪ. ನೂರಕ್ಕೂ ಹೆಚ್ಚು ಕಿ.ಮೀ. ಆಚೆಯ ವಾಷಿಂಗ್ಟನ್ ಸ್ಮಾರಕದ ಕಲ್ಲುಗಳು ಬಿರುಕು ಬಿಟ್ಟವು.

ದೊಡ್ಡ ಅಣೆಕಟ್ಟು ಹತ್ತಿರ ಇದ್ದರೆ ನೀರು ತುಂಬಿದ ನಂತರದ ವರ್ಷಗಳನ್ನು ಬೇರೆಯಾಗಿ ನೋಡಿ. 1967ರ ಡಿಸೆಂಬರ್ 11ರ ನಸುಕಿನಲ್ಲಿ ಮಹಾರಾಷ್ಟ್ರದ ಕೊಯ್ನಾದಲ್ಲಿ 6ಕ್ಕಿಂತ ದೊಡ್ಡ ಭೂಕಂಪ ಆದದ್ದಕ್ಕೆ ಜಲಾಶಯವೇ ಕಾರಣ ಎಂದು ಭೂವಿಜ್ಞಾನಿಗಳು ಹೇಳುತ್ತಾರೆ.

ಹೆಜ್ಜೆ 2: ಗೆರೆಗಳನ್ನು ಓದುವುದು

ಎಲ್ಲರೂ ಎಡವುವುದು ಇಲ್ಲೇ. ಸ್ವಲ್ಪ ನಿಧಾನವಾಗಿ ಓದಿ.

ನಕ್ಷೆಯ ಮೂಲೆಯಲ್ಲಿರುವ ಗುರುತುಗಳ ಪಟ್ಟಿಯಿಂದ ಶುರು ಮಾಡಿ. ಅದನ್ನು ನೋಡದೆ ಗೆರೆ ಎಣಿಸುವವರೇ ಜಾಸ್ತಿ. ಪೂರ್ತಿ ಗೆರೆ ಅಂದರೆ ಯಾರೋ ನೆಲದ ಮೇಲೆ ನಿಂತು ಕಂಡದ್ದು. ತುಂಡು ತುಂಡು ಗೆರೆ ಊಹೆಯದ್ದು. ಚುಕ್ಕೆ ಗೆರೆ ಸಾಮಾನ್ಯವಾಗಿ ಮೆಕ್ಕಲು ಮಣ್ಣಿನ ಅಡಿ ಮುಚ್ಚಿಹೋದದ್ದು. ಇವುಗಳ ಜೊತೆ ಲಿನಿಯಮೆಂಟ್ ಎಂಬ ಇನ್ನೊಂದು ಗುಂಪು ಇರುತ್ತದೆ. ಉಪಗ್ರಹ ಚಿತ್ರದಲ್ಲಿ ನೇರವಾಗಿ ಕಂಡ ಹಳ್ಳವೋ ಗುಡ್ಡದ ಸಾಲೋ ಇದ್ದರೆ ಒಂದು ಗೆರೆ ಎಳೆದಿರುತ್ತಾರೆ. ಅದು ಫಾಲ್ಟ್ ಇರಬಹುದು, ಬಂಡೆಯ ಸಾಮಾನ್ಯ ಸೀಳು ಇರಬಹುದು, ಸೀಳಿನೊಳಗೆ ಕರಗಿದ ಶಿಲೆ ನುಗ್ಗಿ ಗಟ್ಟಿಯಾದ ಕಪ್ಪು ಶಿಲೆಯ ಪಟ್ಟಿ, ಅಂದರೆ ಡೈಕ್, ಇರಬಹುದು. ಲಿನಿಯಮೆಂಟ್ ಒಂದನ್ನೇ ನೋಡಿ ಸೈಟು ಬಿಡಬೇಡಿ.

ಫಾಲ್ಟೇ ಆದರೂ ಅದು ಜೀವಂತವಾಗಿ ಇರಬೇಕೆಂದಿಲ್ಲ. ಖಂಡಗಳ ಒಳಭಾಗದ ಬಂಡೆಗೆ ನೂರು ಕೋಟಿ ವರ್ಷಕ್ಕೂ ಮೀರಿದ ವಯಸ್ಸು ಇರುವುದುಂಟು. ಆ ಕಾಲದಲ್ಲಿ ಒಡೆದು ಆಮೇಲೆ ಅಲುಗಾಡದೆ ಬಿದ್ದಿರುವ ಫಾಲ್ಟುಗಳು ಸಾವಿರಾರು. ಒಳ್ಳೆಯ ನಕ್ಷೆಯಲ್ಲಿ ಗೆರೆಯನ್ನು ಒತ್ತಿದರೆ ಕೊನೆಯ ಸಲ ಯಾವಾಗ ಸರಿಯಿತು ಎಂಬ ಮಾಹಿತಿ ಬರುತ್ತದೆ. ಬರದಿದ್ದರೆ ಆ ನಕ್ಷೆ ಈ ಕೆಲಸಕ್ಕೆ ಆಗುವುದಿಲ್ಲ, ಬೇರೆಯದು ಹುಡುಕಿ.

ಇನ್ನು ಅಳತೆ. ಹತ್ತು ಲಕ್ಷಕ್ಕೆ ಒಂದರ ಪ್ರಮಾಣದ ನಕ್ಷೆಯಲ್ಲಿ ಒಂದು ಮಿಲಿಮೀಟರ್ ದಪ್ಪದ ಗೆರೆ ಅಂದರೆ ನೆಲದ ಮೇಲೆ ಒಂದು ಕಿಲೋಮೀಟರ್. ಅದನ್ನು ಫೋನಿನಲ್ಲಿ ಹಿಗ್ಗಿಸಿ, 'ಗೆರೆ ನಮ್ಮ ಪಕ್ಕದ ರಸ್ತೆಯಲ್ಲಿ ಹೋಗಿದೆ, ನಮ್ಮದರಲ್ಲಿ ಇಲ್ಲ' ಎನ್ನುವುದು ತಮಾಷೆ ಅಷ್ಟೇ. ಇನ್ನೂ ಒಂದು ಸಂಗತಿ ಇದೆ. ಫಾಲ್ಟ್ ನೆಲದೊಳಗೆ ಗೋಡೆಯ ಹಾಗೆ ನೆಟ್ಟಗೆ ಇಳಿಯಬೇಕೆಂದೇನೂ ಇಲ್ಲ, ಎಷ್ಟೋ ಸಲ ಓರೆಯಾಗಿ ಇಳಿಯುತ್ತದೆ. 45 ಡಿಗ್ರಿ ಓರೆ ಇದ್ದು, 10 ಕಿ.ಮೀ. ಆಳದಲ್ಲಿ ಒಡೆಯಿತು ಅನ್ನಿ. ಆಗ ಅದು ಗೆರೆಯಿಂದ 10 ಕಿ.ಮೀ. ದೂರದ ಮನೆಯ ಸರಿಯಾಗಿ ಕೆಳಗೆ ಆಗುತ್ತದೆ. ಗೆರೆಯ ಮೇಲೇ ಇರುವ ಮನೆಗಿಂತ ಇದೇ ಹತ್ತಿರ. ಬೆರಳಿನ ಅಳತೆಯಲ್ಲಿ ಇದು ಸಿಗುವುದಿಲ್ಲ ಅಲ್ವಾ?

ಈಗ ಖಾಲಿ ಜಾಗ. ಗೆರೆ ಇಲ್ಲದ ಕಡೆ ಫಾಲ್ಟ್ ಇಲ್ಲ ಎಂದು ನಂಬಬೇಡಿ, ಯಾರೂ ಕಂಡಿಲ್ಲ ಎಂದಷ್ಟೇ ತಿಳಿಯಿರಿ. ಆಸ್ಟ್ರೇಲಿಯಾದ ನಡುಮಧ್ಯದ ಟೆನಂಟ್ ಕ್ರೀಕ್ ಬಳಿ 1988ರ ಜನವರಿ 22ರಂದು ಹನ್ನೆರಡು ಗಂಟೆಯೊಳಗೆ 6ಕ್ಕಿಂತ ದೊಡ್ಡ ಮೂರು ಭೂಕಂಪ ಆದವು. ನೆಲ ಮೂವತ್ತು ಕಿ.ಮೀ.ಗೂ ಉದ್ದಕ್ಕೆ ಸೀಳಿತು. ಅಪಾಯದ ಫಾಲ್ಟ್ ಎಂದು ಅಲ್ಲಿ ಯಾರೂ ಮೊದಲು ಗುರುತು ಹಾಕಿರಲಿಲ್ಲ. ಮಹಾರಾಷ್ಟ್ರದ ಕಿಲ್ಲಾರಿಯಲ್ಲಿ 1993ರ ಸೆಪ್ಟೆಂಬರ್ 30ರ ನಸುಕಿನಲ್ಲಿ 6.2ರ ಭೂಕಂಪ ಸುಮಾರು ಹತ್ತು ಸಾವಿರ ಜನರನ್ನು ಬಲಿ ತೆಗೆದುಕೊಂಡಿತು. ಭಾರತದ ಆಗಿನ ಭೂಕಂಪ ವಲಯ ನಕ್ಷೆಯಲ್ಲಿ ಆ ಪ್ರದೇಶ ಇದ್ದದ್ದು ಅತಿ ಕಡಿಮೆ ಅಪಾಯದ ಒಂದನೇ ವಲಯದಲ್ಲಿ. 2002ರಲ್ಲಿ ಒಂದನೇ ವಲಯವನ್ನೇ ನಕ್ಷೆಯಿಂದ ತೆಗೆದರು.

ಹಾಗಾದರೆ ಗೆರೆಯಿಂದ ಉಪಯೋಗವೇ ಇಲ್ಲವೇ? ಇದೆ. ನಾನು ಮೊದಲು ಹುಡುಕುವುದು ಹಳೆಯ ಬಿರುಕು ಕಣಿವೆಗಳನ್ನು. ಕೋಟ್ಯಂತರ ವರ್ಷಗಳ ಹಿಂದೆ ಖಂಡ ಸೀಳಲು ಹೋಗಿ ಅರ್ಧಕ್ಕೇ ನಿಂತ ಜಾಗಗಳು ಅವು. ಖಂಡದೊಳಗಿನ ದೊಡ್ಡ ಭೂಕಂಪಗಳಲ್ಲಿ ಹಲವು ಇಂಥಲ್ಲೇ ಆಗಿವೆ. 2001ರ ಕಛ್ ಭೂಕಂಪ, 1997ರ ಜಬಲ್ಪುರದ್ದು, ಅಮೆರಿಕದ ಮಿಸಿಸಿಪ್ಪಿ ಕಣಿವೆಯ ನ್ಯೂ ಮ್ಯಾಡ್ರಿಡ್‌ನಲ್ಲಿ 1811ರ ಡಿಸೆಂಬರ್‌ನಿಂದ 1812ರ ಫೆಬ್ರುವರಿವರೆಗೆ ಆದ ಮೂರು, ಎಲ್ಲವೂ ಅದೇ ಜಾತಿ. ನ್ಯೂ ಮ್ಯಾಡ್ರಿಡ್‌ನಲ್ಲಿ ಭೂಕಂಪದ ಹೊತ್ತಿಗೆ ನೆಲದಿಂದ ಚಿಮ್ಮಿದ ಹಳೆಯ ಮರಳಿನ ಪದರ ಅಗೆದು ನೋಡಿದಾಗ ಸುಮಾರು 1450ರಲ್ಲಿ ಮತ್ತು ಸುಮಾರು 900ರಲ್ಲೂ ಹೀಗೇ ಆಗಿತ್ತು ಎಂದು ಗೊತ್ತಾಯಿತು. ಲೆಕ್ಕ ನೋಡಿ, ಎರಡರ ನಡುವೆ ಸರಾಸರಿ ನಾನೂರು ಐನೂರು ವರ್ಷ. ಉಪಕರಣಗಳ ದಾಖಲೆಗೆ ನೂರು ಚಿಲ್ಲರೆ ವರ್ಷ. ಹಾಗಾಗಿ ಮೊದಲ ಹೆಜ್ಜೆಯ ಪಟ್ಟಿ ಖಾಲಿ ಬಂದಿದ್ದರೆ ಈಗಲೇ ಖುಷಿಪಡಬೇಡಿ.

ವಿಳಾಸ ಹಾಕಿದರೆ ಹತ್ತಕ್ಕೆ ಇಷ್ಟು ಅಂಕ ಎಂದು ಭೂಕಂಪದ ಅಪಾಯ ಹೇಳುವ ಆ್ಯಪ್‌ಗಳಿವೆ. ಯಾವ ನಕ್ಷೆ, ಯಾವ ವರ್ಷದ್ದು ಎಂದು ಹೇಳದಿದ್ದರೆ ಅಳಿಸಿಬಿಡಿ.

ಹೆಜ್ಜೆ 3: ವಲಯದ ನಕ್ಷೆ

ಎಲ್ಲಿ ನೆಲ ಎಷ್ಟು ಜೋರಾಗಿ ನಡುಗಬಹುದು ಎಂದು ಬಣ್ಣದಲ್ಲಿ ತೋರಿಸುವ ನಕ್ಷೆ ಇದು. ನಿಮ್ಮ ದೇಶದ ಕಟ್ಟಡ ಸಂಹಿತೆಯ ಇತ್ತೀಚಿನ ಆವೃತ್ತಿಯಲ್ಲಿ ಇರುತ್ತದೆ. ಪ್ರಪಂಚದ ಲೆಕ್ಕ ಬೇಕಿದ್ದರೆ ಗ್ಲೋಬಲ್ ಅರ್ತ್‌ಕ್ವೇಕ್ ಮಾಡೆಲ್ ಫೌಂಡೇಶನ್ ನಕ್ಷೆ ನೋಡಿ. ಇಂಥ ನಕ್ಷೆಗಳಲ್ಲಿ 475 ವರ್ಷ ಎಂಬ ಅಂಕಿ ಬರುತ್ತದೆ. ಇನ್ನು 475 ವರ್ಷ ಏನೂ ಆಗಲ್ಲ ಅಂತ ಓದಬೇಡಿ. ಮುಂದಿನ 50 ವರ್ಷದಲ್ಲಿ ಅಷ್ಟು ಅಥವಾ ಅದಕ್ಕಿಂತ ಜೋರಾಗಿ ನಡುಗುವ ಸಾಧ್ಯತೆ ಶೇ 10 ಎಂದು ಅರ್ಥ.

ಹೆಜ್ಜೆ 4: ಕಾಲಡಿಯ ಮಣ್ಣು

ಆ ನಕ್ಷೆಯ ಬಣ್ಣ ಸಾಮಾನ್ಯವಾಗಿ ಗಟ್ಟಿ ಬಂಡೆಯ ಮೇಲಿನ ಲೆಕ್ಕ. ನಿಮ್ಮದು ನದಿಯ ಮೆಕ್ಕಲೋ, ಮುಚ್ಚಿದ ಕೆರೆಯೋ ಆಗಿದ್ದರೆ ನಡುಕ ಅದಕ್ಕಿಂತ ಎಷ್ಟೋ ಜಾಸ್ತಿ ಆಗಬಹುದು. ಮಣ್ಣು ಪರೀಕ್ಷೆ ಮಾಡಿಸುವಾಗ ಅಡಿಪಾಯ ಎಷ್ಟು ಭಾರ ತಡೆಯುತ್ತದೆ ಎಂಬ ಒಂದೇ ಅಂಕಿಗೆ ತೃಪ್ತಿಪಡಬೇಡಿ. ಬಂಡೆ ಎಷ್ಟು ಆಳದಲ್ಲಿದೆ, ಮೇಲಿನ ಮಣ್ಣಿನಲ್ಲಿ ಭೂಕಂಪದ ಅಡ್ಡ ಅಲೆಯ (ಶಿಯರ್ ವೇವ್) ವೇಗ ಎಷ್ಟು ಎಂದೂ ಕೇಳಿ. ಆಳವನ್ನು ನಾಲ್ಕರಿಂದ ಗುಣಿಸಿ ವೇಗದಿಂದ ಭಾಗಿಸಿದರೆ ಮಣ್ಣು ಒಮ್ಮೆ ತೂಗಲು ಬೇಕಾದ ಸಮಯ ಸಿಗುತ್ತದೆ. 30 ಮೀಟರ್ ಮಣ್ಣು, ಸೆಕೆಂಡಿಗೆ 200 ಮೀಟರ್ ವೇಗ ಇದ್ದರೆ 0.6 ಸೆಕೆಂಡ್. ಕಾಂಕ್ರೀಟ್ ಕಟ್ಟಡ ತೂಗುವ ಸಮಯ ಅಂದಾಜು ಅಂತಸ್ತಿಗೆ 0.1 ಸೆಕೆಂಡ್. ಅಂದರೆ ಆ ಮಣ್ಣಿನ ಮೇಲೆ ಆರಂತಸ್ತಿನ ಕಟ್ಟಡ ಕೆಟ್ಟ ಆಯ್ಕೆ. ಎರಡೂ ಒಂದೇ ತಾಳಕ್ಕೆ ಬೀಳುತ್ತವೆ.

ಹೆಜ್ಜೆ 5: ಕಟ್ಟಡ

ನನ್ನನ್ನು ಕೇಳಿದರೆ ದುಡ್ಡನ್ನೆಲ್ಲ ಇಲ್ಲೇ ಹಾಕಬೇಕು. ಕಿಲ್ಲಾರಿಯಲ್ಲಿ ಜನ ಸತ್ತದ್ದು ಮಣ್ಣಿನ ಗಾರೆಯಲ್ಲಿ ಕಟ್ಟಿದ ದಪ್ಪ ಕಲ್ಲುಗೋಡೆ ಮತ್ತು ಅದರ ಮೇಲಿನ ಭಾರದ ಮಣ್ಣಿನ ಮಾಳಿಗೆ ಕುಸಿದು. ಅಂಥ ಗೋಡೆಯ ಒಳಪದರ, ಹೊರಪದರ ಬೇರೆ ಬೇರೆಯಾಗಿ ಉಬ್ಬಿ ಬೀಳುತ್ತವೆ. ಎರಡನ್ನೂ ಹಿಡಿದಿಡುವ ಅಡ್ಡಗಲ್ಲು ಇರಬೇಕು, ಬಾಗಿಲಿನ ಮೇಲ್ಮಟ್ಟದಲ್ಲಿ ಮನೆ ಸುತ್ತ ಒಂದೇ ಸಮನೆ ಹೋಗುವ ಕಾಂಕ್ರೀಟ್ ಪಟ್ಟಿ ಇರಬೇಕು. ಬಾಗಿಲಿನ ಮೇಲೆ ಮಾತ್ರ ಒಂದು ತುಂಡು ಹಾಕಿ ಬಿಟ್ಟರೆ ಅದು ಲೆಕ್ಕಕ್ಕಿಲ್ಲ.

ಅಪಾರ್ಟ್‌ಮೆಂಟ್ ಆದರೆ ನೆಲಮಹಡಿಗೆ ಹೋಗಿ ನೋಡಿ. ಮೇಲೆಲ್ಲ ಗೋಡೆ, ಕೆಳಗೆ ಪಾರ್ಕಿಂಗ್‌ಗೆಂದು ಬರೀ ಕಂಬ ಇದ್ದರೆ ಎಲ್ಲ ಏಟೂ ಆ ಕಂಬಗಳಿಗೇ. 2001ರ ಕಛ್ ಭೂಕಂಪದಲ್ಲಿ, ಕೇಂದ್ರದಿಂದ 200 ಕಿ.ಮೀ.ಗೂ ದೂರದ ಅಹಮದಾಬಾದಿನಲ್ಲಿ ಕುಸಿದ ಬಹುಮಹಡಿ ಕಟ್ಟಡಗಳಲ್ಲಿ ಹೆಚ್ಚಿನವು ಇಂಥವೇ. ಕಟ್ಟುತ್ತಿರುವ ಹಂತದಲ್ಲಿ ಹೋಗಿ ನೋಡುವ ಅವಕಾಶ ಇದ್ದರೆ ಕಂಬದ ಉದ್ದನೆಯ ಕಂಬಿಗಳನ್ನು ಸುತ್ತಿ ಹಿಡಿಯುವ ರಿಂಗುಗಳ ತುದಿ ನೋಡಿ. ತುದಿ 135 ಡಿಗ್ರಿ ಬಾಗಿ ಒಳಗಿನ ಕಾಂಕ್ರೀಟಿಗೆ ಇಳಿದಿರಬೇಕು. ಬಗ್ಗಿಸುವುದು ಕಷ್ಟ ಅಂತ ಬಾರ್ ಬೆಂಡರ್‌ಗಳು 90 ಡಿಗ್ರಿಗೆ ಬಿಡುತ್ತಾರೆ. ಕಂಬ ಜೋರಾಗಿ ಅಲುಗಿದಾಗ ಆ ರಿಂಗು ಬಿಚ್ಚಿಕೊಳ್ಳುತ್ತದೆ. ಕಾಂಕ್ರೀಟ್ ಸುರಿದ ಮೇಲೆ ಇದನ್ನು ಯಾರಿಂದಲೂ ನೋಡಲಾಗದು, ಆದ್ದರಿಂದ ಸುರಿಯುವ ಹಿಂದಿನ ದಿನವೇ ಹೋಗಿ ಪ್ರತಿ ಕಂಬದ ಫೋಟೊ ತೆಗೆದುಕೊಳ್ಳಿ.

ಭೂಕಂಪ ನಿರೋಧಕ ಇಟ್ಟಿಗೆ, ಭೂಕಂಪ ನಿರೋಧಕ ಸಿಮೆಂಟ್ ಎಂಬ ಜಾಹೀರಾತಿಗೆ ಒಂದು ರೂಪಾಯಿಯನ್ನೂ ಜಾಸ್ತಿ ಕೊಡಬೇಡಿ. ಆ ಹಣವನ್ನು ಹಳೆಯ ಕಟ್ಟಡ ಬಲಪಡಿಸಿ ಅಭ್ಯಾಸ ಇರುವ ಸ್ಟ್ರಕ್ಚರಲ್ ಎಂಜಿನಿಯರ್‌ಗೆ ಕೊಟ್ಟು, ನೆಲಮಹಡಿಯ ಕಂಬಗಳ ನಡುವೆ ಎಲ್ಲೆಲ್ಲಿ ಕಾಂಕ್ರೀಟ್ ಗೋಡೆ ಎಬ್ಬಿಸಬಹುದು ಎಂದು ಬರೆಸಿಕೊಳ್ಳಿ.